ಮುಂಬಯಿಗೆ ಬೆನ್ನು ಹಾಕಿ ನಿಂತ ಮಾವ

ನನ್ನ ಸೋದರಮಾವ ಮುಂಬಯಿಯಲ್ಲಿ ಹೋಗದ ಜಾಗವಿಲ್ಲ. ನೋಡಿದ ಜಾಗವೂ ಇಲ್ಲ! ಇದು ಒಗಟಲ್ಲ, ಚಾಡಿಯೂ ಅಲ್ಲ. ತಾರೀಖು, ವಾರ ಸಮೇತ ಡೈರಿ ಬರೆಯುವ ಚಟ ನನಗೆ. ಕುರ್ಲಾದ ನಮ್ಮ ಮನೆಗೆ ಹಾಲಿನವನು ಬಾರದ ದಿನ, ನನಗೆ ಬಾಂದ್ರಾದ ಆಫೀಸಿಗೆ ಹೋಗುವ ಲೋಕಲ್ ತಪ್ಪಿದ ದಿನ, ಎಲ್ಲಕ್ಕೂ ನನ್ನಲ್ಲಿ ಲೆಕ್ಕವುಂಟು. ಆ ಲೆಕ್ಕದ ಬಲದ ಮೇಲೆ ಹೇಳುತ್ತಿದ್ದೇನೆ. ಗೇಟ್‌ವೇ ಆಫ್ ಇಂಡಿಯಾಕ್ಕೆ ಮಾವ ನಮ್ಮ ಜೊತೆ ಮೂರು ಸಲ ಬಂದಿದ್ದಾರೆ. ಅದು ಹೇಗಿದೆ ಎಂದು ಅವರನ್ನು ಕೇಳಿ ನೋಡಿ. "ಜನ ತುಂಬ ಇದ್ದರು" ಎನ್ನುತ್ತಾರೆ!

ಕಾರಣವಿದೆ. ಮಾವ ಗ್ರಾಂಟ್ ರೋಡಿನ ಒಂದು ಉಡುಪಿ ಹೋಟೆಲಿಗೆ ಮೀಸೆ ಮೂಡುವ ಮೊದಲೇ ಸೇರಿ ಮ್ಯಾನೇಜರ್ ಆದವರು. ಮ್ಯಾನೇಜರ್ ಎಂದರೆ ಗಲ್ಲಾದ ಹಿಂದೆ ಕೂರುವವರೆಂದು ತಿಳಿಯಬೇಡಿ. ಗಲ್ಲಾ ಮಾಲೀಕರದು, ಮಾವನದು ಬಾಗಿಲು. ಮಧ್ಯಾಹ್ನದ ಊಟದ ಹೊತ್ತಿಗೆ ಅಲ್ಲಿ ನಿಂತು, ಯಾವ ಟೇಬಲ್ಲಿನಲ್ಲಿ ಯಾರ ಕೈ ಮಜ್ಜಿಗೆಗೆ ಬಂದಿದೆ, ಯಾರು ಈಗ ಏಳುತ್ತಾರೆ ಎಂದು ಕಣ್ಣಲ್ಲೇ ಅಳೆದು, ಹೊರಗೆ ಕಾಯುವವರನ್ನು ಒಳಗೆ ಬಿಡಬೇಕು. ಒಂಟಿಯಾಗಿ ಬಂದವನನ್ನು ಇನ್ನೊಬ್ಬ ಒಂಟಿಯ ಎದುರಿಗೆ, ಮಕ್ಕಳಿದ್ದವರನ್ನು ಫ್ಯಾನಿನ ಕೆಳಗೆ. ಈ ಕೆಲಸಕ್ಕೆ ಇರುವುದು ಒಂದೇ ನಿಯಮ: ಕೊನೆಯ ಗಿರಾಕಿ ಕೂರುವ ತನಕ ಬಾಗಿಲಿನವನು ಕೂರಬಾರದು. ಹೋಟೆಲಿನಲ್ಲಿ ಅದು ನಿಯಮವಿರಬಹುದು. ಮಾವನಿಗೆ ಅದು ರಕ್ತಕ್ಕೇ ಇಳಿದಿದೆ!

ತಮ್ಮ ಮದುವೆಯ ದಿನ ಧಾರೆ ಮುಗಿದದ್ದೇ ತಡ, ಬಾಸಿಂಗ ಕಟ್ಟಿಕೊಂಡೇ ಊಟದ ಹಜಾರದ ಬಾಗಿಲಲ್ಲಿ ನಿಂತು ಬಂದವರನ್ನು ಕೂರಿಸಿದರಂತೆ. ಸಿನೆಮಾಕ್ಕೆ ಹೋದರೆ ಕತ್ತಲಲ್ಲಿ ಸೀಟು ಹುಡುಕುವವರಿಗೆ ಮೊಬೈಲಿನ ಬೆಳಕು ಹಿಡಿಯುತ್ತಾ ಇಂಟರ್ವಲ್ ತನಕ ನಿಂತೇ ಇರುತ್ತಾರೆ. ಒಮ್ಮೆ ಒಬ್ಬಾತ ಅವರಿಗೇ ಪಾಪ್‌ಕಾರ್ನ್ ಆರ್ಡರ್ ಕೊಟ್ಟ. ದಾದರಿನಲ್ಲಿ ಒಂದು ಸಂಜೆ ನಮ್ಮನ್ನೆಲ್ಲ ಲೋಕಲ್ ಹತ್ತಿಸಿದರು, ನಮ್ಮ ಹಿಂದಿದ್ದವರನ್ನೂ ಹತ್ತಿಸಿದರು, ಓಡಿ ಬಂದ ಇನ್ನೊಬ್ಬನಿಗೂ ಕೈ ಕೊಟ್ಟರು. ರೈಲು ಹೊರಟಿತು. ಮಾವ ಪ್ಲಾಟ್‌ಫಾರ್ಮಿನಲ್ಲಿ ನಿಂತು ತೃಪ್ತಿಯಿಂದ ಕೈ ಬೀಸುತ್ತಿದ್ದರು!

ಇಂಥವರು ಈಗ ನಿವೃತ್ತರಾಗಿದ್ದಾರೆ. ಬರುವ ತಿಂಗಳು ಗ್ರಾಂಟ್ ರೋಡಿನ ಒಂದು ಕೋಣೆಯ ಖೋಲಿ ಬಿಟ್ಟು ಮಾವ, ಅತ್ತೆ ಇಬ್ಬರೂ ಕುಂದಾಪುರಕ್ಕೆ, ಅತ್ತೆಯ ತಂಗಿಯ ಮನೆಯ ಪಕ್ಕಕ್ಕೆ ಹೋಗುವವರು. ಪಾತ್ರೆ ಕಟ್ಟಲು ನೆರವಾಗೋಣವೆಂದು ನಾನು ಹೋದ ದಿನ ಅತ್ತೆ ಒಂದು ಪಾತ್ರೆಯನ್ನೂ ಕಟ್ಟದೆ ಸುಮ್ಮನೆ ಕೂತಿದ್ದರು.

"ಈ ಊರಿನಲ್ಲಿ ನಾನು ಎಲ್ಲ ನೋಡಿದ್ದೇನೆ ಮಾರಾಯ್ತಿ," ಎಂದರು. "ಎಲ್ಲ ಒಬ್ಬಳೇ ನೋಡಿದ್ದು. ಇವರು ಪಕ್ಕದಲ್ಲಿ ನಿಂತು ಒಂದು ಜಾಗ, ಒಂದೇ ಒಂದು ಜಾಗ ನೋಡಿದ್ರೆ ಸಾಕಿತ್ತು. ಯಾವುದಾದ್ರೂ ಆಗ್ತದೆ."

ಅತ್ತೆ ನನ್ನಲ್ಲಿ ಏನನ್ನೂ ಕೇಳಿದವರಲ್ಲ. ಆ ರಾತ್ರಿಯೇ ನಾನು ಭಾನುವಾರದ ಒಂದು ಟೂರಿಗೆ ಮೂವರ ಹೆಸರು ಬರೆಸಿದೆ. ಬೆಳಿಗ್ಗೆ ಬ್ರಿಟಿಷರು ಕಟ್ಟಿದ್ದು, ಮಧ್ಯಾಹ್ನದ ಮೇಲೆ ಅವರ ಹೆಸರೇ ಯಾರೂ ಕೇಳಿರದ ಕಾಲದ್ದು. ಮಿನಿಬಸ್ಸು, ಜೊತೆಗೊಬ್ಬಳು ಗೈಡ್. ಗೈಡ್ ಇದ್ದ ಮೇಲೆ ಜನರನ್ನು ನೋಡಿಕೊಳ್ಳುವ ಕೆಲಸ ಅವಳದು, ಮಾವನಿಗೆ ನೋಡುವುದನ್ನು ಬಿಟ್ಟು ಬೇರೆ ದಾರಿಯೇ ಇಲ್ಲ. ಎಂಥ ಲೆಕ್ಕಾಚಾರ ನನ್ನದು!

ಮೊದಲು ಸಿಎಸ್‌ಟಿ ಎಂಬ ದೊಡ್ಡ ರೈಲ್ವೆ ಸ್ಟೇಷನ್ನು. ನಾನು ಆ ಸ್ಟೇಷನ್ನಿನಲ್ಲಿ ಎಷ್ಟೋ ಸಲ ಇಳಿದಿದ್ದೇನೆ. ಇಳಿದವಳು ಓಡಿದ್ದೇನೆಯೇ ಹೊರತು ತಲೆ ಎತ್ತಿರಲಿಲ್ಲ. ಅವತ್ತು ಎದುರಿನ ಫುಟ್‌ಪಾತಿನಲ್ಲಿ ನಿಂತು ಎತ್ತಿದೆ. ಅಬ್ಬಾ! ಗೋಡೆಯ ತುಂಬ ಕಲ್ಲಿನ ಪ್ರಾಣಿಗಳು. ಒಂದೊಂದು ಮೂಲೆಯಿಂದಲೂ ಒಂದೊಂದು ಬಾಯಿ ತೆರೆದು ಇಣುಕುತ್ತಿತ್ತು. ಎಲೆ, ಬಳ್ಳಿ, ನವಿಲು, ಕೋತಿ. ಹೆಬ್ಬಾಗಿಲಿನ ಒಂದು ಕಂಬದ ಮೇಲೆ ಸಿಂಹ, ಇನ್ನೊಂದರ ಮೇಲೆ ಹುಲಿ. ಇಷ್ಟು ಚೆಲುವನ್ನು ತಲೆಯ ಮೇಲೆ ಹೊತ್ತುಕೊಂಡು ಒಂದು ಕಟ್ಟಡ ದಿನವೂ ನಮ್ಮ ಬೆವರು, ಟಿಫಿನ್ ಡಬ್ಬಿ, ಗೊಣಗಾಟಗಳನ್ನು ಒಳಗೆ ಬಿಟ್ಟುಕೊಳ್ಳುತ್ತಿದೆಯಲ್ಲ! ತಿರುಗಿ ನೋಡಿದರೆ ಮಾವ ಕಟ್ಟಡಕ್ಕೆ ಬೆನ್ನು ಹಾಕಿ ನಿಂತಿದ್ದಾರೆ! ನಮ್ಮ ಗುಂಪಿನ ಕುಳ್ಳರನ್ನು ಮುಂದಕ್ಕೆ ತಂದಿದ್ದರು, ಎತ್ತರದವರನ್ನು ಹಿಂದಕ್ಕೆ ಸರಿಸಿದ್ದರು, ಒಬ್ಬ ಗುಜರಾತಿ ಅಜ್ಜಿಗೆ ಕಂಬದ ನೆರಳು ಹುಡುಕಿಕೊಟ್ಟಿದ್ದರು. ಗೈಡ್ ಹುಡುಗಿ ಕೆಂಪು ಕೊಡೆ ಎತ್ತಿ ಹಿಡಿದು ಮಾತನಾಡುತ್ತಿದ್ದರೆ, ಅವಳ ಕೊಡೆ ಯಾರಿಗಾದರೂ ಅಡ್ಡ ಬರುತ್ತಿದೆಯೇ ಎಂದು ನೋಡುತ್ತಿದ್ದರು.

ಬಸ್ಸಿನಲ್ಲಿ ಕೇಳಿದೆ, ನೋಡಿದಿರಾ ಎಂದು.

"ನೋಡದೆ ಎಂತ? ಎಲ್ಲರ ಮುಖ ನೋಡಿದೆ," ಎಂದರು ಮಾವ. "ಚೆಂದ ಇದ್ದಿರ್ಬೇಕು. ಸಾಂಬಾರ್ ಹೇಗಾಗಿದೆ ಅಂತ ನಾನು ಯಾವತ್ತಾದ್ರೂ ರುಚಿ ನೋಡಿ ಹೇಳಿದ್ದುಂಟಾ? ಗಿರಾಕಿ ಎರಡನೇ ತುತ್ತು ಹಾಕುವಾಗ ಮುಖ ನೋಡಿದ್ರೆ ಸಾಕು."

ಅತ್ತೆ ಕಿಟಕಿಯ ಕಡೆಗೆ ಮುಖ ತಿರುಗಿಸಿದರು. ಆ ಮುಖವನ್ನು ಮಾವ ನೋಡಿದಂತಿಲ್ಲ.

ಅಲ್ಲಿಂದ ಬಾಣಗಂಗಾ. ಮಲಬಾರ್ ಹಿಲ್ಲಿನ ಆಕಾಶಕ್ಕೆ ಏಣಿ ಹಾಕಿದಂಥ ಕಟ್ಟಡಗಳ ನಡುವಿನ ಸಣ್ಣ ಗಲ್ಲಿಯಲ್ಲಿ ಇಳಿದರೆ, ಇದ್ದಕ್ಕಿದ್ದಂತೆ ಒಂದು ಕೆರೆ! ಸುತ್ತ ಕಲ್ಲಿನ ಮೆಟ್ಟಿಲು, ದಡದಲ್ಲಿ ದೀಪಸ್ತಂಭಗಳು, ನೀರಿನಲ್ಲಿ ಬಾತುಕೋಳಿಗಳು. ಸಮುದ್ರ ಕೂಗಳತೆಯಲ್ಲಿದೆ, ಕೆರೆಯ ನೀರು ಮಾತ್ರ ಸಿಹಿ. ರಾಮನಿಗೆ ಬಾಯಾರಿದಾಗ ನೆಲಕ್ಕೆ ಬಾಣ ಬಿಟ್ಟು ಚಿಮ್ಮಿಸಿದ ನೀರಂತೆ. ಕತೆ ಕೇಳುತ್ತಾ ಮೆಟ್ಟಿಲ ಮೇಲೆ ಕೂತವಳಿಗೆ ಮುಂಬಯಿಯ ಸದ್ದೆಲ್ಲ ಯಾರೋ ಮುಚ್ಚಳ ಹಾಕಿ ಮುಚ್ಚಿದ ಹಾಗೆ ಅನಿಸಿತು. ಇಷ್ಟು ವರ್ಷ ಈ ಊರು ತನ್ನ ಹೊಟ್ಟೆಯೊಳಗೆ ಇಂಥದ್ದೊಂದನ್ನು ಇಟ್ಟುಕೊಂಡು ನನ್ನ ಹತ್ತಿರ ಸುಳ್ಳು ಹೇಳಿತ್ತೇ?

ಮಾವ ಎಲ್ಲಿ? ಮೇಲೆ, ದಡದ ಗುಡಿಯ ಬಾಗಿಲಲ್ಲಿ! ನಮ್ಮವರು ಚಪ್ಪಲಿಗಳನ್ನು ಚೆಲ್ಲಾಪಿಲ್ಲಿ ಬಿಟ್ಟು ಒಳಗೆ ಹೋದದ್ದು ಅವರಿಗೆ ಸಹಿಸಲಾಗಲಿಲ್ಲ. ಗಂಡಸರದ್ದು, ಹೆಂಗಸರದ್ದು, ಮಕ್ಕಳದ್ದು ಬೇರೆ ಬೇರೆ ಮಾಡಿ ಸಾಲಾಗಿ ಇಟ್ಟು ಕಾವಲು ನಿಂತಿದ್ದರು. ಅದನ್ನು ಕಂಡು ಬೇರೆ ಊರಿನ ಯಾತ್ರಿಕರೂ ತಮ್ಮ ಚಪ್ಪಲಿಗಳನ್ನು ಅವರಿಗೇ ಒಪ್ಪಿಸಿದರು. ಒಬ್ಬಾತ ಒಳಗೆ ಹೋದವನು ಅನುಮಾನದಿಂದ ಹಿಂದೆ ಬಂದು ಟೋಕನ್ ಕೇಳಿದ! ಮಾವ ಅವನ ಮುಖವನ್ನೊಮ್ಮೆ, ಕಾಲನ್ನೊಮ್ಮೆ ನೋಡಿ, ಟೋಕನ್ ಬೇಡ, ನನಗೆ ನೆನಪಿರುತ್ತದೆ ಎಂದು ಹಿಂದಿಯಲ್ಲಿ ಭರವಸೆ ಕೊಟ್ಟರು. ನೆನಪಿತ್ತು ಕೂಡ. ಕೆರೆಯೊಂದನ್ನು ಬಿಟ್ಟು ಉಳಿದದ್ದೆಲ್ಲ ನೆನಪಿತ್ತು.

ಅಷ್ಟರಲ್ಲಿ ನನ್ನ ಡೈರಿಯ ಆ ದಿನದ ಪುಟದಲ್ಲಿ ಅತ್ತೆ ನೋಡಿದ್ದು ಎರಡು, ಮಾವ ನೋಡಿದ್ದು ಸೊನ್ನೆ. ಇನ್ನುಳಿದದ್ದು ಕಾನ್ಹೇರಿಯ ಗುಹೆಗಳು ಮಾತ್ರ. ಅವಿರುವುದು ಬೋರಿವಲಿಯ ನ್ಯಾಷನಲ್ ಪಾರ್ಕಿನೊಳಗೆ. ದಾರಿಯುದ್ದಕ್ಕೂ ಮಾವ ಎಸಿ ಗಾಳಿ ಯಾರಿಗೆ ಹೆಚ್ಚು, ಯಾರಿಗೆ ಕಡಿಮೆ ಎಂದು ವಿಚಾರಿಸುತ್ತಾ ಬಸ್ಸಿನೊಳಗೆ ಓಡಾಡಿದರು.

ಕಾಡಿನ ನಡುವೆ ಕಪ್ಪು ಬಂಡೆಯ ಗುಡ್ಡ. ಆ ಗುಡ್ಡವನ್ನೇ ಕೊರೆದು ಬೌದ್ಧ ಭಿಕ್ಷುಗಳು ಮನೆ ಮಾಡಿಕೊಂಡಿದ್ದರು, ಎರಡು ಸಾವಿರ ವರ್ಷಗಳ ಹಿಂದೆ. ಒಂದೊಂದು ಗುಹೆಯ ಪಕ್ಕದಲ್ಲೂ ಮಳೆನೀರು ತುಂಬಿಕೊಳ್ಳಲು ಕಲ್ಲಿನಲ್ಲೇ ತೊಟ್ಟಿ. ಮಲಗಲು ಕಲ್ಲಿನ ಜಗಲಿ. ಕಟ್ಟಿದ್ದಲ್ಲ, ಜೋಡಿಸಿದ್ದಲ್ಲ; ಬೇಡದ ಕಲ್ಲನ್ನು ತೆಗೆದು ತೆಗೆದು ಬೇಕಾದದ್ದನ್ನು ಉಳಿಸಿಕೊಂಡದ್ದು. ಒಂದು ಏಟು ತಪ್ಪಿದರೆ ತಿದ್ದುವುದು ಹೇಗೆ? ನಾನು ಆಫೀಸಿನಲ್ಲಿ ಒಂದು ಇ-ಮೇಲನ್ನು ನಾಲ್ಕು ಸಲ ತಿದ್ದುವವಳು!

ಎಲ್ಲಕ್ಕಿಂತ ದೊಡ್ಡ ಗುಹೆ ಚೈತ್ಯ, ಭಿಕ್ಷುಗಳ ಪ್ರಾರ್ಥನೆಯ ಜಾಗ. ಅದರ ಜಗಲಿಯ ಎರಡು ಕೊನೆಗಳಲ್ಲಿ ಇಬ್ಬರು ಬುದ್ಧರು ಎದುರುಬದುರಾಗಿ ನಿಂತಿದ್ದಾರೆ, ನಾಲ್ಕಾಳೆತ್ತರಕ್ಕೆ. ನಾನು ಒಬ್ಬನ ಪಾದದ ಹತ್ತಿರ ನಿಂತು ಮುಖ ನೋಡಲು ಹೋಗಿ ಹಿಂದಕ್ಕೆ ವಾಲಿದೆ. ಅಷ್ಟು ದೊಡ್ಡ ಆಕಾರದಲ್ಲಿ ಅಷ್ಟು ಮೆತ್ತಗಿನ ಮುಖವನ್ನು ನಾನು ಬೇರೆಲ್ಲೂ ಕಂಡಿಲ್ಲ. ಒಳಗೆ ಎರಡು ಸಾಲು ಕಂಬಗಳು, ಕೊನೆಯಲ್ಲಿ ನುಣುಪಾದ ಸ್ತೂಪ. ಹಿಂದಿನಿಂದ, ಎತ್ತರದ ಕಮಾನಿನ ಕಿಂಡಿಯಿಂದ ಬೀಳುವ ಬೆಳಕು ಸ್ತೂಪದ ಮೇಲೆ ಹೋಗಿ ಕೂರುತ್ತದೆ. 

ಮಾವ? ಬಾಗಿಲಲ್ಲಿ, ಸ್ತೂಪಕ್ಕೆ ಬೆನ್ನು ಹಾಕಿ, ಹತ್ತತ್ತು ಜನರನ್ನು ಒಳಗೆ ಬಿಡುತ್ತಿದ್ದರು! ಗೈಡ್ ಹುಡುಗಿ ಅವರನ್ನೂ ಒಳಗೆ ಕರೆದಳು. ಮೊದಲು ಇವರದೆಲ್ಲ ಆಗಲಿ ಎಂದರು. ಆಯಿತು. ನಮ್ಮವರೆಲ್ಲ ನೋಡಿ ಹೊರಗೆ ಬಂದರು, ಫೋಟೋ ತೆಗೆದರು, ಮೆಟ್ಟಿಲಿಳಿದರು. ಪಾರ್ಕಿನ ಗೇಟಿಗೆ ಮರಳುವ ಬಸ್ಸಿಗೆ ಹೊತ್ತಾಯಿತೆಂದು ಗೈಡ್ ಕೆಳಗಿನಿಂದ ಕೊಡೆ ಆಡಿಸಿದಳು. ಜಗಲಿಯಲ್ಲಿ ಉಳಿದವರು ನಾವು ಮೂವರೇ. ಅತ್ತೆ ಬುದ್ಧನ ಪಾದದ ಹತ್ತಿರ ಕಲ್ಲಿನ ಮೇಲೆ ಕೂತಿದ್ದರು.

"ಹೋಗು, ಎಲ್ಲರದ್ದೂ ಆಯ್ತು," ಎಂದರು ಮಾವ. "ನೀನೊಬ್ಬಳೇ ಬಾಕಿ."

"ನಾನು ಹೋಗುದಿಲ್ಲ."

"ಕಾಲು ನೋವಾ?"

"ಕಾಲಿಗೆ ಎಂತದೂ ಆಗ್ಲಿಲ್ಲ. ನೀವು ಬಂದ್ರೆ ಹೋಗ್ತೇನೆ."

"ನಾನು ಆಮೇಲೆ ನೋಡ್ತೇನೆ. ನೀನು ಮೊದಲು ಹೋಗು."

"ಒಳಗೆ ಹೋಗುದು, ನೋಡುದು, ಹೊರಗೆ ಬಂದು ಚೆಂದ ಉಂಟು ಅಂತ ನಿಮಗೆ ಹೇಳುದು. ಮದುವೆಯಾದಾಗಿಂದ ಇದೇ ಆಯ್ತು," ಎಂದರು ಅತ್ತೆ. ಅವರ ದನಿ ಏರಲಿಲ್ಲ. "ಒಬ್ಬಳೇ ನೋಡಿ ಸಾಕಾಗಿದೆ ನನಗೆ. ನಿಮ್ಮ ಆಮೇಲೆಗೆ ಇನ್ನು ಈ ಊರಿನಲ್ಲಿ ಒಂದು ತಿಂಗಳೂ ಇಲ್ಲ."

ಮಾವನ ಹೋಟೆಲಿಗೆ ಎಂತೆಂಥ ಗಿರಾಕಿಗಳು ಬಂದಿದ್ದರು! ಜಗಳ ತೆಗೆಯುವವರು, ಒಂದು ಕಾಫಿಗೆ ಒಂದು ಗಂಟೆ ಕೂರುವವರು. ಆದರೆ ಬಾಗಿಲಿನವನು ಕೂರದೆ ತಾನು ಕೂರುವುದಿಲ್ಲ ಎಂದವರು ಒಬ್ಬರೂ ಇರಲಿಲ್ಲ. ಕೊನೆಯವಳು ನೋಡುವ ತನಕ ಮಾವ ನೋಡುವಂತಿಲ್ಲ. ಮಾವ ನೋಡದೆ ಕೊನೆಯವಳು ಏಳುವುದಿಲ್ಲ. ಮಾವ ಅತ್ತೆಯನ್ನು ನೋಡಿದರು. ಗಿರಾಕಿಯ ಮುಖ ಓದುವವರಲ್ಲವೇ? ಅಷ್ಟು ಹೊತ್ತು ಆ ಮುಖವನ್ನೇ ಅವರು ನೋಡಿದ್ದನ್ನು ನಾನು ಮೊದಲ ಸಲ ಕಂಡೆ. ಅವರ ಕೈ ಸುಮ್ಮನೆ ಅಂಗಿಯ ಗುಂಡಿಯ ಮೇಲೆ ಆಡಿತು. ಕೊನೆಗೆ ನನ್ನ ಕಡೆ ತಿರುಗಿದರು.

"ಬಾಗಿಲು ಯಾರು ನೋಡ್ತಾರೆ?"

"ನಾನು ನಿಲ್ತೇನೆ ಮಾವ."

ಅವರು ನನ್ನನ್ನು ಅಡಿಯಿಂದ ಮುಡಿಯವರೆಗೆ ಅಳೆದರು. ಪಕ್ಕಕ್ಕೆ ನಿಲ್ಲಬೇಕು, ಗೋಡೆಗೆ ಒರಗಬಾರದು, ಮೊಬೈಲ್ ಮುಟ್ಟಬಾರದು ಎಂದರು. ನಾನು ನೆಟ್ಟಗೆ ನಿಂತೆ. ಆಮೇಲೆ ಅತ್ತೆಯ ಹತ್ತಿರ ಹೋಗಿ ಕೈ ಚಾಚಿದರು. ಅತ್ತೆ ಆ ಕೈ ಹಿಡಿದು ಎದ್ದರು, ಎದ್ದ ಮೇಲೂ ಬಿಡಲಿಲ್ಲ.

ಇಬ್ಬರೂ ಕಂಬಗಳ ನಡುವೆ ಮೆಲ್ಲಗೆ ನಡೆದು ಹೋದರು. ಆ ಗುಹೆಯಲ್ಲಿ ಪಿಸುಮಾತೂ ಬಾಗಿಲಿನವರೆಗೆ ಕೇಳುತ್ತದೆ.

"ಮೇಲೆ ನೋಡಿ. ಕಂಬದ ತಲೆಯಲ್ಲಿ ಆನೆ ಉಂಟು."

"ಹೌದು."

"ಅಲ್ಲಿ ಮನುಷ್ಯರು ಸಹ."

"ಹ್ಞೂಂ. ಕೂತಿದ್ದಾರೆ."

ಆಮೇಲೆ ಸ್ತೂಪದ ಮುಂದೆ ಇಬ್ಬರೂ ಒಟ್ಟಿಗೆ ತಲೆ ಎತ್ತಿ ನಿಂತದ್ದು ಕಾಣುತ್ತಿತ್ತು. ಮಾವನ ಬೆನ್ನು ಇಷ್ಟು ಸಪೂರವೆಂದು ನನಗೆ ಗೊತ್ತೇ ಇರಲಿಲ್ಲ.

ಅಷ್ಟರಲ್ಲಿ ಒಂದು ದೊಡ್ಡ ಕುಟುಂಬ ಏದುಸಿರು ಬಿಡುತ್ತಾ ಮೆಟ್ಟಿಲು ಹತ್ತಿ ಬಂತು: ಅಜ್ಜಿ, ಮಗ, ಸೊಸೆ, ಕೈಯಲ್ಲಿ ಚಿಪ್ಸಿನ ಪೊಟ್ಟಣ ಹಿಡಿದ ಮಕ್ಕಳು. ಒಂದು ಊರಿಗೆ ಊರೇ ಹಿಡಿಸುವಷ್ಟು ದೊಡ್ಡ ಗುಹೆ ಅದು, ಒಳಗಿದ್ದವರು ಇಬ್ಬರೇ. ನಾನು ಬಾಗಿಲಿಗೆ ಅಡ್ಡ ಕೈ ಇಟ್ಟು, ಒಳಗೆ ಜಾಗವಿಲ್ಲ, ಸ್ವಲ್ಪ ನಿಲ್ಲಿ ಎಂದೆ.