ಹೆರಿಗೆ ವಾರ್ಡಿನ ಬುಧವಾರ

ಎನ್ಸುವಾನೊ ಪಟ್ಟಣದ ಸರ್ಕಾರಿ ಹೆರಿಗೆ ಆಸ್ಪತ್ರೆಯಲ್ಲಿ ಬುಧವಾರ ಶುರುವಾಗಿ ಇಂದಿಗೆ ಹತ್ತು ದಿನವಾಗಿದ್ದು, ಅದು ಇನ್ನೂ ಮುಗಿದಿರುವುದಿಲ್ಲ.

ಕಾರಣ ಸಣ್ಣದು. ‘ಕಾಲಸ್ತಂಭಕ’ ಎಂಬ ಅಪಾಯಕಾರಿ ದ್ರವದ ಪೀಪಾಯಿಯೊಂದು ಬಂದರಿಗೆ ಬಂದಿತ್ತು. ಗೋದಾಮಿನ ತುಂಬ ಅಧಿಕಾರಿಗಳ ಬಿಯರ್ ಇದ್ದುದರಿಂದ ಅದನ್ನು ಹೆರಿಗೆ ವಾರ್ಡಿನ ಮಂಚದಡಿ ಇಡಲಾಯಿತು. ಅದು ಸೋರಿತು. ಒಳಗೆ ಗಡಿಯಾರ ಓಡುವುದು, ಹಾಲು ಒಡೆಯುವುದು, ಗಡ್ಡ ಬೆಳೆಯುವುದು ನಿಂತವು. ಬಾಗಿಲಿಗೆ ಪ್ರಕಟಣೆ ಅಂಟಿಸಿದರು: ‘ಒಳಗೆ ಕಾಲ ನಿಂತಿದೆ. ಸಾರ್ವಜನಿಕರು ಕಾಯತಕ್ಕದ್ದು.’ ಪೀಪಾಯಿ ತೆಗೆಸಲು ಸಮಿತಿಯೂ ಆಗಿದೆ. ಸಭೆ ಗುರುವಾರ, ಅದೇ ವಾರ್ಡಿನಲ್ಲಿ.

ಸುದ್ದಿ ಹಬ್ಬಿದ್ದೇ ತಡ, ದೊಡ್ಡವರೆಲ್ಲ ಓಡಿದರು. ಹೊರಗಲ್ಲ, ಒಳಗೆ. ಶುಕ್ರವಾರ ನಿವೃತ್ತರಾಗಬೇಕಿದ್ದ ಆಡಳಿತಾಧಿಕಾರಿ ಕ್ವಾನ್ಸಾ ಮೇಜು ಸಮೇತ ಬಂದರು. ಗುರುವಾರದೊಳಗೆ ಸೇತುವೆ ಮುಗಿಸಬೇಕಿದ್ದ ಗುತ್ತಿಗೆದಾರ ಒಂದು ಮಂಚ ಹಿಡಿದ. ಬಸುರಿಯರಿಗೆ ನೆಲದ ಚಾಪೆ ಉಳಿಯಿತು.

ಹೆರಿಗೆ ಮಾತ್ರ ಯಾವ ಸುತ್ತೋಲೆಗೂ ಕಾಯಲಿಲ್ಲ. ಹೊರಗೆ ಶನಿವಾರವಾಗಿದ್ದಾಗ ಅರಾಬಾ ಆ ಚಾಪೆಯ ಮೇಲೆ ಹೆಣ್ಣು ಹೆತ್ತಳು. ಆ ಊರಲ್ಲಿ ಮೊದಲ ಹೆಸರನ್ನು ಯಾರೂ ಹುಡುಕುವುದಿಲ್ಲ, ಹುಟ್ಟಿದ ವಾರವೇ ಕೊಡುತ್ತದೆ: ಶನಿವಾರದ ಹುಡುಗಿ ಅಮಾ, ಬುಧವಾರದವಳು ಎಕುವಾ. ಎಂಟನೆಯ ದಿನ ಅಂಗಳಕ್ಕೆ ತಂದು ಹೆಸರು ಕರೆದ ಮೇಲೇ ಮಗು ಮನೆಯದು. ಅಲ್ಲಿಯವರೆಗೆ ಬಂದುಹೋಗುವ ಅತಿಥಿ. ಅರಾಬಾಳ ಮೊದಲ ಮಗು ಆರನೆಯ ದಿನ ಹಾಗೇ ಹೋಗಿಬಿಟ್ಟಿತ್ತು, ಹೆಸರಿಲ್ಲದೆ.

ಇವತ್ತು ಹೊರಗೆ ಮತ್ತೆ ಶನಿವಾರ, ಮಗುವಿಗೆ ಎಂಟನೆಯ ದಿನ. ಅವಳ ಅತ್ತೆ ಎಸಿ ಟವಿಯಾ ಬೆಳಗಿನಿಂದ ಬಾಗಿಲಲ್ಲಿ ನಿಂತಿದ್ದರು.

“ಬಾಣಂತಿಯನ್ನು ಹೆರಿಗೆಯ ಮರುದಿನ ಬಿಡತಕ್ಕದ್ದು,” ಎಂದು ಕ್ವಾನ್ಸಾ ನಿಯಮ ಓದಿದರು. “ಮರುದಿನ ಬರಲಿ ತಾಯಿ, ಖಂಡಿತ ಬಿಡ್ತೀನಿ.”

“ನೀನು ಬರೋಕೆ ಬಿಟ್ರೆ ತಾನೆ! ಚಿಕ್ಕೋನಿದ್ದಾಗ ನನ್ನ ಬುಟ್ಟೀಲಿ ಕೆಂಕೆ ಉಂಡೆ ಕದ್ದು ತಿಂತಿದ್ದೆ. ಈಗ ವಾರಗಳನ್ನೇ ನುಂಗ್ತಿದೀಯಲ್ಲೋ!”

“ದೂರನ್ನ ಬರೆದು ಕೊಡಿ. ನಾಳೆ ನೋಡೋಣ.”

“ಅಮ್ಮಾ, ಸ್ವಲ್ಪ ಮೆಲ್ಲಗೆ. ಇಲ್ಲಿ ಸೇತುವೆ ಕೆಲಸ ನಡೀತಿದೆ,” ಎಂದ ಗುತ್ತಿಗೆದಾರ, ಮಗ್ಗುಲು ಬದಲಿಸಿ.

ಅರಾಬಾ ಮಗುವಿನ ಹೊಕ್ಕುಳು ಮುಟ್ಟಿ ನೋಡಿದಳು. ಎಂಟು ದಿನವಾದರೂ ಇನ್ನೂ ಹಸಿ. “ಹೊರಗೆ ಹೋಗೋಕೆ ಏನು ಬರೀಬೇಕು, ಹೇಳಿ ಸಾರ್.”

ಕ್ವಾನ್ಸಾ ಕೆಟ್ಟವರಲ್ಲ. ಪೆನ್ನನ್ನು ತಾವೇ ಬಿಚ್ಚಿ ಕೊಟ್ಟರು. “ಹೋದ ಬುಧವಾರ ಹೆತ್ತೆ ಅಂತ ಸಹಿ ಹಾಕಿ. ಆಗ ಈ ಬುಧವಾರಕ್ಕೆ ಎಂಟನೇ ದಿನ ಆಗುತ್ತೆ. ಬಿಡುಗಡೆನೂ ಆಯ್ತು, ನಾಮಕರಣಾನೂ ಆಯ್ತು.”

“ಹೋದ ಬುಧವಾರ ನಾನು ಕಡಲ ದಂಡೇಲಿ ಮೀನು ಹೊಗೆಗೆ ಇಡ್ತಿದ್ದೆ.”

“ಅದನ್ನ ಬರೀಬೇಡಿ.”

“ಮಗು ಶನಿವಾರದ್ದು ಸಾರ್. ಅಮಾ ಅವಳು.”

“ಅಮಾಗೆ ಬಿಡುಗಡೆ ಇಲ್ಲ. ಎಕುವಾ ಆದ್ರೆ ಈಗ್ಲೇ ಕರ್ಕೊಂಡು ಹೋಗಿ.”

ಅರಾಬಾ ಸಹಿ ಹಾಕಿದಳು. ಬಿಡುಗಡೆಯ ಕಾಗದ ಹಿಡಿದು, ಮಗುವನ್ನೆತ್ತಿಕೊಂಡು ಮನೆಗೆ ಹೊರಟಳು.

ಅಂಗಳದಲ್ಲಿ ನೆಂಟರು ಸೇರಿದ್ದರು. ಅತ್ತೆ ಮಗುವಿನ ನಾಲಿಗೆಗೆ ಒಂದು ಹನಿ ನೀರು ಮುಟ್ಟಿಸಿದರು: “ನೀರನ್ನ ಕಂಡ್ರೆ ನೀರು ಅನ್ನು.” ಒಂದು ಹನಿ ಹೆಂಡ ಮುಟ್ಟಿಸಿದರು: “ಹೆಂಡವನ್ನ ಕಂಡ್ರೆ ಹೆಂಡ ಅನ್ನು.” ಬದುಕಿಡೀ ಸತ್ಯವನ್ನೇ ಆಡಲಿ ಎಂದು ಹಿರಿಯರು ಮಾಡಿದ ಕ್ರಮ ಅದು. ಆಮೇಲೆ ಹೆಸರು ಕರೆಯಬೇಕು. ಅತ್ತೆ ಸೊಸೆಯ ಮುಖ ನೋಡಿದರು. ಸೊಸೆ ಕೈಯಲ್ಲಿದ್ದ ಕಾಗದ ನೋಡಿದಳು.

“ಎಕುವಾ,” ಎಂದರು ಅತ್ತೆ.

“ಎಕುವಾ!” ಎಂದಿತು ಅಂಗಳ.

ಹೆಂಡ ಕುಡಿದು ಬಾಯಿ ಒರೆಸಿಕೊಂಡ ಪಾದ್ರಿಗಳು, “ನಾಳೆ ಭಾನುವಾರದ ಪ್ರಾರ್ಥನೆಗೆ ಮಗೂನ ಕರ್ಕೊಂಡು ಬನ್ನಿ,” ಎಂದರು.

“ನಾಳೆ ಗುರುವಾರ ಅಲ್ವಾ ಸ್ವಾಮಿ?” ಎಂದರು ಅತ್ತೆ, ಬಾಟಲಿಗೆ ಮುಚ್ಚಳ ಹಾಕುತ್ತಾ.

ಯಾರೂ ನಗಲಿಲ್ಲ. ಪಾದ್ರಿಗಳು ಬೆರಳು ಮಡಿಸಿ ಲೆಕ್ಕ ಹಾಕಿ, “ಹೌದಲ್ಲ,” ಎಂದರು.