ಗಂಟೆ ಒತ್ತಬೇಡಿ, ಬಾಗಿಲು ತಟ್ಟಿ

ಅವಳಿ ಮಕ್ಕಳು ಹುಟ್ಟಿ ಎರಡು ತಿಂಗಳಾಗಿತ್ತು. ಒಂದು ಮಲಗಿದರೆ ಇನ್ನೊಂದು ಎದ್ದು ಪಾಳಿ ವಹಿಸಿಕೊಳ್ಳುತ್ತಿತ್ತು. ಅಪರೂಪಕ್ಕೆ ಎರಡೂ ಕಣ್ಣು ಮುಚ್ಚಿದವೆನ್ನುವಾಗ ಯಾರಾದರೂ ಬಂದು ಕರೆಗಂಟೆ ಒತ್ತುವರು. ಆ ಭಾನುವಾರವೂ ಹಾಗೇ ಆಯಿತು.

"ಈ ಗಂಟೆಗೊಂದು ಗತಿ ಕಾಣಿಸ್ತೀರೋ ಇಲ್ವೋ?" ಹೆಂಡತಿ ನಿದ್ದೆಗೆಟ್ಟ ಕಣ್ಣು ಕೆಕ್ಕರಿಸಿದಳು.

"ಸಂಜೆಯೊಳಗೆ ಈ ಲೆಕ್ಕ ಬಿಡಿಸ್ತೀನಿ!" ಎಂದು ಗಣಿತದ ಮೇಷ್ಟ್ರು ಎದೆ ತಟ್ಟಿಕೊಂಡರು.

ಮೆಟ್ಟಿಲ ಬಳಿ ಕುಳಿತು ಮರದ ಹಲಗೆಯನ್ನು ನುಣ್ಣಗೆ ಉಜ್ಜಿ ವಿನೈಲ್ ಅಕ್ಷರ ಅಂಟಿಸಿದರು: 'ಗಂಟೆ ಒತ್ತಬೇಡಿ. ಬಾಗಿಲು ತಟ್ಟಿ.' ಅಕ್ಷರ ಏಳದಂತೆ ಮೇಲೆ ಪಾರದರ್ಶಕ ವಾರ್ನಿಷ್ ಬಳಿಯುವುದಷ್ಟೇ ಬಾಕಿ.

ಎದುರುಮನೆಯ ಲಾರಿ ಡ್ರೈವರ್ ಬಂದು ವಾರ್ನಿಷ್ ಮೂಸಿ ನೋಡಿ ಮೂಗು ಮುರಿದ. "ಈ ನೀರುನೀರು ಯಾವ ಮೂಲೆಗೆ ಸಾರ್? ನಮ್ಮ ಲಾರಿಗೆ ಹಾಕೋ ವಾರ್ನಿಷ್ ಇದೆ, ಅದನ್ನ ದಪ್ಪಗೆ ಬಳೀರಿ!" ಎಂದವನೇ ಡಬ್ಬಿ ತಂದು ಕೈಗಿಟ್ಟ.

ಮೇಷ್ಟ್ರು ದಾಕ್ಷಿಣ್ಯಕ್ಕೆ ಬಸಿರಾಗಿ ಅದನ್ನೇ ಬಳಿದರು. ಆ ಘಾಟಿಗೆ ಅಕ್ಷರಗಳು ಚೇಳಿನ ಕೊಂಡಿಯಂತೆ ಸುರುಟಿಕೊಂಡವು. ಎರಡನೆಯ ಪದವಂತೂ ಕುಂಚದ ಜೊತೆಗೇ ಎದ್ದುಬಂತು. ಉಳಿದದ್ದು 'ಗಂಟೆ ಬಾಗಿಲು ತಟ್ಟಿ.'

ಮೇಲಿನ ಮನೆಯ ಅಜ್ಜಿ ಇಳಿದು ಬಂದು ಓದಿದರು. "ಎಷ್ಟು ಗಂಟೆ ತಟ್ಟಬೇಕಪ್ಪಾ?"

ಇನ್ನು ಬ್ರಹ್ಮ ಬಂದು ಹೇಳಿದರೂ ಕೇಳುವುದಿಲ್ಲವೆಂದು ಮೇಷ್ಟ್ರು ಎಲ್ಲವನ್ನೂ ಕೆರೆದು, ಹೊಸ ಅಕ್ಷರ ಅಂಟಿಸಿ, ಅಳತೆಪಟ್ಟಿಯಿಂದ ಗುಳ್ಳೆ ಒತ್ತಿ ತೆಗೆದರು. ತಮ್ಮದೇ ವಾರ್ನಿಷನ್ನು ಸ್ಪಂಜಿನಲ್ಲಿ ತೆಳ್ಳಗೆ ಒತ್ತಿದರು. ಒಣಗಲು ಬಿಟ್ಟು ಬರುವಷ್ಟರಲ್ಲಿ ಮೂಲೆಯಲ್ಲೊಂದು ಹೆಬ್ಬೆಟ್ಟಿನ ಗುರುತು!

"ಒಣಗಿತಾ ಅಂತ ನೋಡ್ದೆ ಅಷ್ಟೇ," ಎಂದರು ಅಜ್ಜಿ, ಸೆರಗಿಗೆ ಕೈ ಒರೆಸಿಕೊಳ್ಳುತ್ತ.

ಮೇಷ್ಟ್ರು ಜಗ್ಗಲಿಲ್ಲ. ಮೂಲೆ ಉಜ್ಜಿದರು, ಎರಡನೆಯ ಪದರ, ಮೂರನೆಯ ಪದರ. ಸಂಜೆಗೆ ಹಲಗೆ ಗಾಜಿನಂತೆ ಹೊಳೆಯಿತು. ಉಗುರು ಹಾಕಿ ಕೆದಕಿದರೂ ಅಕ್ಷರ ಮಿಸುಕಲಿಲ್ಲ. ಬಾಗಿಲಿಗೆ ತೂಗುಹಾಕಿದಾಗ ಹೆಂಡತಿ ಎರಡು ತಿಂಗಳಲ್ಲಿ ಮೊದಲ ಸಲ ನಕ್ಕಳು. ಮಕ್ಕಳೂ ಮಲಗಿದವು, ಎರಡೂ! ಮೇಷ್ಟ್ರು ಕಾಲಮೇಲೆ ಕಾಲು ಹಾಕಿ ಕುಳಿತರು.

ಟ್ರಿಣ್... ಟ್ರಿಣ್!

ಒಳಗಿನಿಂದ ಎರಡು ಕಂಠದ ಆಲಾಪ. ಮೇಷ್ಟ್ರು ಹಾರಿಹೋಗಿ ಬಾಗಿಲು ತೆರೆದರೆ ಇಡೀ ಕಟ್ಟಡವೇ ಹಲಗೆ ನೋಡಲು ನೆರೆದಿತ್ತು.

"ಓದೋಕೆ ಬರಲ್ವೇನ್ರೀ? ತಟ್ಟಿ ಅಂತ ಬರೆದಿಲ್ವಾ?"

"ಇಷ್ಟು ಚಂದದ ಹಲಗೆ ಕಣಪ್ಪಾ," ಅಜ್ಜಿ ನೊಂದುಕೊಂಡರು. "ತಟ್ಟಿದ ರಭಸಕ್ಕೆ ಬಿದ್ದು ಹೊಳಪು ಹೋದ್ರೆ? ಯಾರೂ ಬಾಗಿಲು ಮುಟ್ಟಕೂಡದು, ಗಂಟೇನೇ ಒತ್ತಿ ಅಂತ ನಾನೇ ಮನೆಮನೆಗೆ ಹೇಳಿಬಂದೆ."

"ಹೌದು ಸಾರ್, ಒತ್ತಿದ್ರೆ ಹಲಗೆ ಅಲುಗೋದೇ ಇಲ್ಲ. ನೋಡಿ ಬೇಕಾದ್ರೆ," ಎಂದು ಡ್ರೈವರ್ ಇನ್ನೊಮ್ಮೆ ಒತ್ತಿ ತೋರಿಸಿದ.