ಹೆಸರು ಮಾಡಿದವಳು

ಲಕೋಟೆಗಳಿಗೆ ಗೋಂದು ಹಚ್ಚುತ್ತಿದ್ದ ಗುಮಾಸ್ತ ನಾಣಿಯ ಬೆರಳುಗಳು ಹೊಸ ದಂಪತಿಗಳಂತೆ ಅಂಟಿಕೊಂಡಿದ್ದಾಗ ಮೇಲಧಿಕಾರಿ ಕಶ್ಯಪ್ ಬಂದು ನಿಂತರು. ಹೆಣ್ಣುಮಕ್ಕಳ ಕಾಲೇಜಾಗಿ ಹುಟ್ಟಿ ಮೊನ್ನೆಮೊನ್ನೆ ವಿಶ್ವವಿದ್ಯಾಲಯವಾದ ಆ ಸಂಸ್ಥೆಗೆ ಸನ್ಮಾನ ಸಮಾರಂಭಕ್ಕೆಂದು ಹೆಸರು ಮಾಡಿದ ಹಳೆಯ ವಿದ್ಯಾರ್ಥಿನಿಯರು ತುರ್ತಾಗಿ ಬೇಕಾಗಿದ್ದರು. ತೊಂಬತ್ತೇಳರ ಭೌತಶಾಸ್ತ್ರದ ಚಿನ್ನದ ಪದಕದವಳು, ಕೆ. ಎಸ್. ವೇದಾ, ಸಂಜೆ ಐದರೊಳಗೆ ಸಿಗಬೇಕು. ಸಿಗದಿದ್ದರೆ ನಾಣಿಗೆ ಪರೀಕ್ಷಾ ವಿಭಾಗಕ್ಕೆ ವರ್ಗ. ಅಲ್ಲಿಗೆ ಹೋದವರು ಭಾನುವಾರವನ್ನು ಕ್ಯಾಲೆಂಡರಿನಲ್ಲಷ್ಟೇ ಕಂಡಿದ್ದರು.

ರಿಜಿಸ್ಟರಿನ ವಿಳಾಸ ಹಿಡಿದು ಮರ್ಫಿ ಟೌನಿಗೆ ಹೋದ. ಅವಳು ಪಾಸಾದ ವರ್ಷವೇ ಮನೆಯವರು ಆ ಬಾಡಿಗೆ ಮನೆ ಬಿಟ್ಟಿದ್ದರಂತೆ. ಪಕ್ಕದ ಮನೆಯ ಮುನಿವೆಂಕಟಪ್ಪ ಇವನನ್ನು ಅಡಿಯಿಂದ ಮುಡಿಯವರೆಗೆ ನೋಡಿ, "ಅವತ್ತು ಕೇಳೋ ಧೈರ್ಯ ಇರ್ಲಿಲ್ಲ, ಈಗ ತಲೆ ಬೆಳ್ಳಗಾದ್ಮೇಲೆ ಹುಡುಕ್ಕೊಂಡು ಬಂದಿದೀಯಾ?" ಎಂದ. ಎದುರುಮನೆಯ ಸಾಬಮ್ಮ ಯಾವನೋ ಕಿರಾತಕ ಆ ಬುದ್ಧಿವಂತ ಹುಡುಗಿಯನ್ನು ಕಟ್ಟಿಕೊಂಡು ಅಡುಗೆಮನೆಗೆ ತಳ್ಳಿದನಂತೆ ಎಂದು ಮರುಗಿದಳು. ನಾಣಿಯೂ ಆ ಕಿರಾತಕನಿಗೆ ನಾಲ್ಕು ಶಾಪ ಹಾಕಿ ಬಂದ.

ಕಚೇರಿಯಲ್ಲಿ ಟಪಾಲು ವಿಭಾಗದ ಚಾಂದ್ ಬೀ ಹಳೆಯ ಕಡತ ಹುಡುಕಿಟ್ಟಿದ್ದಳು. ಒಳಗೆ ತೊಂಬತ್ತೆಂಟರ ಲಕೋಟೆಯೊಂದು, ಒಡೆಯದೆಯೇ ವಾಪಸಾದದ್ದು. ಮೇಲೆ ವೇದಾಳ ಹೆಸರು, ಹೊಸ ತಿಪ್ಪಸಂದ್ರದ ವಿಳಾಸ. ಅಡ್ಡಡ್ಡವಾಗಿ ಯಾರೋ ಬರೆದಿದ್ದರು: 'ಈ ಹೆಸರಿನವರು ನಮ್ಮ ಮನೆಯಲ್ಲಿ ಯಾರೂ ಇಲ್ಲ.'

"ಸಾರ್, ಈ ಅಕ್ಷರ ನಿಮ್ದೇ ಅಲ್ವಾ? ಮನೆ ನಂಬರೂ ನಿಮ್ದೇ" ಎಂದಳು ಚಾಂದ್ ಬೀ.

ನಾಣಿ ಲಕೋಟೆಯನ್ನು ತಿರುವಿ ನೋಡಿದ. ಧಾರೆಯ ದಿನ ತಟ್ಟೆಯ ಅಕ್ಕಿಯ ಮೇಲೆ ಉಂಗುರದಿಂದ ಹೆಂಡತಿಗೆ ಹೊಸ ಹೆಸರು ಬರೆದದ್ದು ನೆನಪಾಯಿತು: ಆಶ್ರಿತಾ. ಹಳೆಯದು ಏನಿತ್ತೆಂದು ಅವಳನ್ನೇ ಫೋನಿನಲ್ಲಿ ಕೇಳಿದ.

"ಇಪ್ಪತ್ತೇಳು ವರ್ಷಕ್ಕೆ ಕೇಳಿದ್ರಲ್ಲ. ವೇದಾ. ಯಾಕ್ರೀ, ಯಾವುದಾದ್ರೂ ಕಾಗದ ಬಂದಿದ್ಯಾ?"

"ಏನಿಲ್ಲ" ಎಂದು ಇಟ್ಟುಬಿಟ್ಟ.

ಅಷ್ಟರಲ್ಲಿ ಕಶ್ಯಪ್ ಲಕೋಟೆ ಒಡೆದಿದ್ದರು. ಅದೇ ಕಾಲೇಜಿನಲ್ಲಿ ಅಧ್ಯಾಪಕಿಯಾಗಿ ಕೆಲಸಕ್ಕೆ ಸೇರುವಂತೆ ಆದೇಶ. ಅವರು ನಾಣಿಯ ಕೈ ಕುಲುಕಿ ಅಭಿನಂದಿಸಿದರು. ಸನ್ಮಾನಿತೆಯ ಗಂಡನೇ ಈ ವಿಭಾಗದಲ್ಲಿದ್ದರೆ ಜನ ಆಡಿಕೊಳ್ಳುತ್ತಾರೆಂದು ಪರೀಕ್ಷಾ ವಿಭಾಗದ ವರ್ಗಕ್ಕೂ ಅಲ್ಲೇ ಸಹಿ ಹಾಕಿದರು. ಆಹ್ವಾನದ ಜೊತೆ ಆ ಹಳೆಯ ಆದೇಶವನ್ನೂ, ಲಕೋಟೆಯನ್ನೂ ಸೇರಿಸಿ ಕಳಿಸಿ, ದಾಖಲೆ ಪೂರ್ತಿಯಾಗಿರಲಿ ಎಂದು ಚಾಂದ್ ಬೀಗೆ ಹೇಳಿದರು.

ನಾಣಿ ಕೈ ಚಾಚಿದ. "ಹೇಗೂ ಮನೆಗೆ ಹೋಗ್ತೀನಲ್ಲ, ನಾನೇ ಕೊಟ್ಬಿಡ್ತೀನಿ."

"ಬೇಡ ಸಾರ್" ಎಂದಳು ಚಾಂದ್ ಬೀ. "ನೀವು ಕೊಟ್ಟಿದ್ದು ನೋಡಿದೀವಿ."

ಹಲಸೂರಿನ ಅಂಚೆ ಕಚೇರಿಯಲ್ಲಿ ಮುದ್ರೆ ಬಿತ್ತು. ರಿಜಿಸ್ಟರ್ಡ್, ವಿಳಾಸದಾರರ ಕೈಗೇ: ಕೆ. ಎಸ್. ವೇದಾ.